ಕೆಂಪು ಕಾಲಿನ ಕೋಳಿ

ಬೈನಾಕ್ಯುಲರ್ ಸಿಕ್ಕಿದ್ದು ಇಡ್ಲಿ ಕುಕ್ಕರಿನ ದೆಸೆಯಿಂದ. ಲಾಕ್‌ಡೌನಿನ ಮೊದಲ ವಾರಗಳಲ್ಲಿ ನನ್ನ ಅತ್ತೆ ಐರ್ಲೆಂಡಿನ ಸ್ವೋರ್ಡ್ಸ್ ಊರಿನ ನಮ್ಮ ಮನೆಯ ಒಂದೊಂದು ಸಾಮಾನನ್ನೂ ತಮಗೆ ಸರಿಕಂಡ ಜಾಗಕ್ಕೆ ಸಾಗಿಸುತ್ತಿದ್ದರು. ನನ್ನ ಆಫೀಸಿನ ಕೆಲಸ ಅರ್ಧಕ್ಕೆ ಇಳಿದಿತ್ತು, ಗಂಡ ಮಲಗುವ ಕೋಣೆಯಲ್ಲಿ ಮೀಟಿಂಗಿನ ಮೇಲೆ ಮೀಟಿಂಗು ಮಾಡುತ್ತಿದ್ದ, ನಾನು ಅತ್ತೆಯ ಹಿಂದೆ ಹಿಂದೆ ಓಡಾಡಿಕೊಂಡು ಗೊಣಗುತ್ತಿದ್ದೆ. ಅಂದು ಕುರ್ಚಿ ಹತ್ತಿ ಕಪಾಟಿನ ತಲೆಯ ಮೇಲೆ ಕೈಯಾಡಿಸುತ್ತಿದ್ದವರು ಇಡ್ಲಿ ಕುಕ್ಕರಿನ ಹಿಂದಿನಿಂದ ಒಂದು ಹಳೆಯ ಚರ್ಮದ ಚೀಲ ಎಳೆದರು. ಎಳೆದವರು ಕುರ್ಚಿಯ ಮೇಲೇ ನಿಂತುಬಿಟ್ಟರು.

"ಇದು ಇಲ್ಲಿಗೆ ಹೇಗೆ ಬಂತೇ?"

ರಗ್ಬಿ ನೋಡುತ್ತೇನೆಂದು ನನ್ನ ಗಂಡ ಅಪ್ಪನ ಹತ್ತಿರ ಕೇಳಿ ತಂದದ್ದು ಅದು. ಒಂದು ಸಲವೂ ಚೀಲದಿಂದ ಹೊರಗೆ ಬಂದಿರಲಿಲ್ಲ.

"ಲುಸಾಕಾದ್ದು ಕಣೇ ಇದು. ಮುಟ್ಟಬೇಡ, ಫೋಕಸ್ ಕೆಟ್ಟುಹೋಗುತ್ತೆ ಅಂತಿದ್ರು ನಿಮ್ಮ ಮಾವ. ನಲವತ್ತು ವರ್ಷ ಧೂಳು ಹೊಡೆದಿದೀನಿ, ಒಂದು ದಿನ ಕಣ್ಣಿಗಿಟ್ಟುಕೊಂಡಿಲ್ಲ."

ಎಂದವರೇ ಅದನ್ನು ಕುತ್ತಿಗೆಗೆ ಹಾಕಿಕೊಂಡು ಕೆಳಗಿಳಿದರು. ಆಮೇಲೆ ತೆಗೆಯಲೇ ಇಲ್ಲ. ಸಾರು ಕುದಿಸುವಾಗಲೂ ಅದು ಎದೆಯ ಮೇಲೆ ತೂಗಾಡುತ್ತಿತ್ತು, ಗಾಜಿಗೆ ಹಬೆ ಹಿಡಿದರೆ ಸೆರಗಿನಿಂದ ಒರೆಸಿಕೊಳ್ಳುತ್ತಿದ್ದರು. ಫೋಕಸ್ ಏನೂ ಕೆಡಲಿಲ್ಲ.

ಅತ್ತೆ ಬಂದದ್ದು ಫೆಬ್ರವರಿಯಲ್ಲಿ. ಚಳಿ ಕಡಿಮೆಯಾದ ಮೇಲೆ ಬರುತ್ತೇನೆಂದು ಮಾವ ಮೈಸೂರಿನಲ್ಲೇ ಉಳಿದಿದ್ದರು. ಚಳಿ ಕಡಿಮೆಯಾಗುವಷ್ಟರಲ್ಲಿ ವಿಮಾನಗಳೇ ನಿಂತವು. ಮಾವನಿಗೇನೂ ತೊಂದರೆಯಿರಲಿಲ್ಲ. ಕೆಳಗಿನ ಮನೆಯಲ್ಲಿ ತಮ್ಮನ ಸಂಸಾರ, ಹೊತ್ತು ಹೊತ್ತಿಗೆ ಮೇಲಕ್ಕೆ ಊಟ. ನಮ್ಮ ಮಧ್ಯಾಹ್ನ ಅವರ ಸಂಜೆ ಕಾಫಿಯ ಹೊತ್ತು. ಆಗ ದಿನಾ ವಿಡಿಯೋದಲ್ಲಿ ಬಂದು, ತಮ್ಮನ ಮನೆಯ ಹುಳಿಗೆ ಉಪ್ಪಿಲ್ಲ ಎಂದು ದೂರಿ, ಹೆಂಡತಿಯನ್ನು ಕಿಚಾಯಿಸಿ ಹೋಗುತ್ತಿದ್ದರು.

ಆ ಕಿಚಾಯಿಸುವಿಕೆಗೆ ಒಂದು ಹಳೆಯ ಕಥೆಯಿದೆ. ಮದುವೆಯಾದ ಹೊಸದರಲ್ಲಿ ಮಾವ ಗಣಿತದ ಮೇಷ್ಟ್ರಾಗಿ ಆಫ್ರಿಕಾದ ಜಾಂಬಿಯಾಕ್ಕೆ ಹೋಗಿದ್ದರು. ರಾಜಧಾನಿ ಲುಸಾಕಾದಲ್ಲಿ ಶಾಲೆ, ಕ್ವಾರ್ಟರ್ಸು, ಜೊತೆಗೆ ಹಕ್ಕಿ ಹುಚ್ಚಿನ ನಾಲ್ಕು ಜನ ಮೇಷ್ಟ್ರುಗಳು. ಭಾನುವಾರ ಬೆಳಿಗ್ಗೆ ಒಂದೇ ಕಾರಿನಲ್ಲಿ ತುರುಕಿಕೊಂಡು ಹೊರಟು ಕತ್ತಲಾಗುವಷ್ಟರಲ್ಲಿ ವಾಪಸು. ಒಂದು ವಾರ ಕುರುಚಲು ಕಾಡು, ಇನ್ನೊಂದು ವಾರ ಆಳೆತ್ತರದ ಹುಲ್ಲುಗಾವಲು, ಮತ್ತೊಂದು ವಾರ ಊರಾಚೆಯ ಕೊಳಚೆ ಹೊಂಡಗಳು. ಆ ಹೊಂಡಗಳಿಗೆ ಬರುವಷ್ಟು ಹಕ್ಕಿ ಬೇರೆಲ್ಲೂ ಇರುತ್ತಿರಲಿಲ್ಲವಂತೆ. ಇಡೀ ಊರಿನ ಕೊಳಚೆಯ ಪಕ್ಕದಲ್ಲಿ ಚಾಪೆ ಹಾಸಿ ಮೊಸರನ್ನ ಬಡಿಸಿದ ಕಥೆಯನ್ನು ಅತ್ತೆ ಇವತ್ತಿಗೂ ಮೂಗು ಮುಚ್ಚಿಕೊಂಡೇ ಹೇಳುತ್ತಾರೆ. ಅವರ ಕೆಲಸ ಅದೇ. ಗಂಡಸರು ಬೈನಾಕ್ಯುಲರ್ ನೇತುಹಾಕಿಕೊಂಡು ಹೊರಟರೆ ಇವರು ಮರದಡಿ ಬುತ್ತಿ ಕಾಯುತ್ತ ಕೂರಬೇಕು. ಕೋತಿಗಳ ಕಾಟ ವಿಪರೀತ.

ಒಂದು ಭಾನುವಾರ ಕಾಫುವೆ ಎಂಬ ನದಿಯ ದಡಕ್ಕೆ ಹೋಗಿದ್ದಾಗ, ಸೌತೆಕಾಯಿ ಹೆಚ್ಚುತ್ತ ಕೂತಿದ್ದ ಅತ್ತೆಯ ಎದುರು ನೀರಿನಿಂದ ಒಂದು ಹಕ್ಕಿ ಹತ್ತಿ ಬಂತು. ಕಾಲು ಕೆಂಪಗೆ ಹೊಳೆಯುತ್ತಿತ್ತಂತೆ. ಗಂಡಸರು ಬಂದಾಗ ಹೇಳಿದರು. ಮಾವ ಬಾಯಿ ತುಂಬ ಚಿತ್ರಾನ್ನ ಇಟ್ಟುಕೊಂಡು, "ನನ್ನ ಹೆಂಡತಿ ಕೆಂಪು ಕಾಲಿನ ಕೋಳಿ ಕಂಡುಹಿಡಿದಳು" ಎಂದರು. ಗುಂಪು ಗೊಳ್ಳೆಂದಿತು. ಅಲ್ಲಿಂದ ಅದು ಮನೆಮಾತಾಯಿತು. ನಾನು ಸೊಸೆಯಾಗಿ ಬಂದ ಮೊದಲ ವಾರದಲ್ಲೇ ಮಾವ ಬೀದಿಯಲ್ಲಿ ಹೋಗುವ ಕೋಳಿ ತೋರಿಸಿ, "ಕಾಲು ಯಾವ ಬಣ್ಣ ಅಂತ ನಿಮ್ಮ ಅತ್ತೇನ ಕೇಳಮ್ಮ" ಎಂದಿದ್ದರು. ನಾನೂ ನಕ್ಕಿದ್ದೆ, ಅತ್ತೆಯೂ ನಕ್ಕಿದ್ದರು.

"ನಗ್ತಿದ್ದೆ ಕಣೇ, ಇನ್ನೇನು ಮಾಡ್ಲಿ" ಎಂದರು ಅತ್ತೆ ಈಗ, ಕಿಟಕಿಯ ಬಳಿ ಬೈನಾಕ್ಯುಲರಿನ ಗಾಲಿ ತಿರುಗಿಸುತ್ತ. "ಒಳಗೆ ಹೊಟ್ಟೆ ಉರಿದುಹೋಗ್ತಿತ್ತು. ನೋಡಿದ್ದು ನಾನು. ಅವರು ಅಲ್ಲಿರಲೇ ಇಲ್ಲ. ಈಗ ನನ್ನ ಕೈಗೆ ಇದು ಸಿಕ್ಕಿದೆ, ಅವರು ಪಕ್ಕದಲ್ಲಿಲ್ಲ. ಊರಿಗೆ ಹೋಗೋದ್ರೊಳಗೆ ಒಂದೇ ಒಂದು ಹಕ್ಕೀನಾದ್ರೂ ನನ್ನ ಬಾಯಿ ಮಾತಿನ ಮೇಲೆ ಅವರ ಕೈಲಿ ಒಪ್ಪಿಸ್ತೀನಿ."

"ಅದೇನು ಮಹಾ ಅತ್ತೆ, ಫೋನಲ್ಲಿ ಒಂದು ಫೋಟೋ ತೆಗೆದು ಕಳಿಸಿದ್ರೆ ಆಯ್ತು."

"ಬೇಡ" ಎಂದರು ಥಟ್ಟನೆ. "ಫೋಟೋ ಕಳಿಸಿದ್ರೆ ಫೋಟೋನ ನಂಬ್ತಾರೆ, ನನ್ನನ್ನಲ್ಲ."

ಹೊರಗೆ ಹೋಗುವ ಹಾಗಿರಲಿಲ್ಲ. ಎಪ್ಪತ್ತಾದವರು ಮನೆಬಾಗಿಲು ದಾಟಬಾರದೆಂದು ಸರ್ಕಾರ ಹೇಳಿತ್ತು. ಅತ್ತೆಗೆ ಪಾಸ್‌ಪೋರ್ಟಿನ ಪ್ರಕಾರ ಎಪ್ಪತ್ತು, ನಿಜವಾಗಿ ಅರವತ್ತೆಂಟು. ಅಕ್ಕನ ಜೊತೆಗೇ ಶಾಲೆಗೆ ಹೋಗುತ್ತೇನೆಂದು ರಚ್ಚೆ ಹಿಡಿದದ್ದಕ್ಕೆ ಹೆಡ್‌ಮಾಸ್ತರು ಎರಡು ವರ್ಷ ಸೇರಿಸಿ ಬರೆದುಕೊಂಡಿದ್ದರಂತೆ. "ಅವತ್ತು ಅತ್ತಿದ್ದಕ್ಕೆ ಇವತ್ತು ಐರ್ಲೆಂಡಲ್ಲಿ ಜೈಲು" ಎಂದು ಆ ಹೆಡ್‌ಮಾಸ್ತರಿಗೆ ದಿನಾ ಬೆಳಿಗ್ಗೆ ಮಂಗಳಾರತಿ ಮಾಡುತ್ತಿದ್ದರು.

ಹಾಗಾಗಿ ಮೊದಲ ಹಕ್ಕಿಗಳೆಲ್ಲ ಕಿಟಕಿಯ ಹಕ್ಕಿಗಳು. ಹಕ್ಕಿಗಿಂತ ಹೆಚ್ಚಾಗಿ ನೆರೆಮನೆಗಳು ಎನ್ನಬೇಕು. ಎದುರಿಗೆ ಬ್ಯೂಮಾಂಟ್ ಆಸ್ಪತ್ರೆಯಲ್ಲಿ ಕೆಲಸ ಮಾಡುವ ಹುಬ್ಬಳ್ಳಿಯ ಡಾಕ್ಟರ್ ದಂಪತಿ ಇದ್ದರು. "ಡಾಕ್ಟರ್ ಮನೇಲಿ ಇವತ್ತೂ ಪಿಜ್ಜಾ ಕಣೇ, ಪಾಪ" ಎಂದು ಅತ್ತೆ ವರದಿ ಕೊಡುತ್ತಿದ್ದರು. ನನಗೆ ನಾಚಿಕೆಯಿಂದ ಪರದೆ ಎಳೆಯುವುದೇ ಕೆಲಸವಾಯಿತು. ಆದರೆ ಆ ಮನೆಯ ಚಿಮಣಿಯ ಮೇಲೆ ಬೂದು ಕತ್ತಿನ, ಬಿಳಿ ಕಣ್ಣಿನ ಪುಟ್ಟ ಕಾಗೆಗಳೆರಡು ಕಡ್ಡಿ ತಂದು ತಂದು ಹೊಗೆಗೂಡಿನೊಳಗೆ ಬೀಳಿಸುತ್ತಿದ್ದುದನ್ನು ಮೊದಲು ಕಂಡದ್ದು ಅತ್ತೆಯೇ. ಎಂಟು ವರ್ಷದಿಂದ ಈ ಬೀದಿಯಲ್ಲಿದ್ದೇನೆ, ನಾನು ತಲೆಯೆತ್ತಿ ನೋಡಿರಲಿಲ್ಲ. ಹತ್ತಿರದ ಏರ್‌ಪೋರ್ಟಿನ ವಿಮಾನಗಳ ಸದ್ದಡಗಿದ್ದರಿಂದ ಕಡ್ಡಿ ಒಳಗೆ ಉರುಳುವ ಸದ್ದು ಕೂಡ ಕೇಳಿಸಿದಂತಾಗುತ್ತಿತ್ತು. ಅತ್ತೆ ಹಿಗ್ಗಿ ಮಾವನಿಗೆ ಹೇಳಿದರು.

"ಕಾಗೆ ತಾನೇ?" ಎಂದರು ಮಾವ. "ಅದನ್ನ ನೋಡೋಕೆ ಅಷ್ಟು ದೂರ ಹೋಗಬೇಕಿತ್ತಾ?"

ಮೇ ತಿಂಗಳಲ್ಲಿ ಎಪ್ಪತ್ತು ದಾಟಿದವರೂ ಮನೆಯಿಂದ ಐದು ಕಿಲೋಮೀಟರಿನೊಳಗೆ ತಿರುಗಾಡಬಹುದು ಎಂದರು. ಆ ಬೆಳಿಗ್ಗೆ ಅತ್ತೆ ಸೀರೆಯ ಮೇಲೆ ಮಗನ ಜಾಕೆಟ್ಟು ಹಾಕಿ, ಕಾಲಿಗೆ ನನ್ನ ಸ್ಪೋರ್ಟ್ಸ್ ಶೂ ಕಟ್ಟಿ, ಕುತ್ತಿಗೆಗೆ ಬೈನಾಕ್ಯುಲರ್ ಹಾಕಿ, ಕೈಯಲ್ಲಿ ಒಂದು ಕಟ್ಟು ಮೆಂತ್ಯ ಸೊಪ್ಪು ಹಿಡಿದು ಬಾಗಿಲಲ್ಲಿ ನಿಂತಿದ್ದರು.

"ಸೊಪ್ಪು ಯಾಕೆ ಅತ್ತೆ?"

"ಸುಮ್ನೆ ಕೂತ್ರೆ ನಂಗೆ ನಿದ್ದೆ ಬರುತ್ತೆ. ಕೈಗೆ ಕೆಲಸ ಇದ್ರೆ ಕಣ್ಣು ತೆರೆದಿರುತ್ತೆ."

ಊರೊಳಗೇ ಒಂದು ಪುಟ್ಟ ಹೊಳೆ ಹರಿಯುವ ಪಾರ್ಕು ನಮಗೆ ಹತ್ತಿರ. ನನ್ನ ಲೆಕ್ಕದಲ್ಲಿ ಹಕ್ಕಿ ನೋಡುವುದೆಂದರೆ ಬಿರಬಿರನೆ ನಡೆದು ಹುಡುಕುವುದು. ಅತ್ತೆ ಹತ್ತು ಹೆಜ್ಜೆ ನಡೆದು ನೀರಿಗೆ ಮುಖ ಮಾಡಿದ್ದ ಮೊದಲ ಬೆಂಚಿನಲ್ಲಿ ಕೂತು ಸೊಪ್ಪು ಬಿಡಿಸಲು ಶುರುಮಾಡಿದರು. ನಾನು ಪಾರ್ಕನ್ನು ಎರಡು ಸುತ್ತು ಹಾಕಿ, ಒಂದು ನಾಯಿಯಿಂದ ಬೊಗಳಿಸಿಕೊಂಡು, ಏನೂ ಕಾಣದೆ ಬೆವರಿ ಬಂದೆ. ಬೆಂಚಿನ ಮುಂದೆ ಇಬ್ಬರು ಪೊಲೀಸರು ನಿಂತಿದ್ದರು. ವ್ಯಾಯಾಮಕ್ಕಷ್ಟೇ ಹೊರಗೆ ಬರಬೇಕು, ಕೂತು ಕಾಲ ಕಳೆಯುವ ಹಾಗಿಲ್ಲ ಎಂದು ಅವರು ಬಹಳ ನಯವಾಗಿ ಹೇಳುತ್ತಿದ್ದರು. ಅತ್ತೆ ಸೊಪ್ಪಿನ ಕಟ್ಟನ್ನು ಮೇಲಕ್ಕೆತ್ತಿ ತೋರಿಸಿ, ತಮಗೆ ಬರುವ ಇಂಗ್ಲಿಷಿನಲ್ಲಿ ಗಂಭೀರವಾಗಿ, "ಫಿಂಗರ್ ಎಕ್ಸರ್‌ಸೈಜ್" ಎಂದರು. ಆ ಎಳೆಯ ಪೊಲೀಸಿನವನು ತುಟಿ ಬಿಗಿಹಿಡಿದು ಆಕಾಶ ನೋಡಿದ. ಅವನ ಜೊತೆಯವಳು ಜೋರಾಗಿ ನಕ್ಕೇಬಿಟ್ಟಳು. "ಯೂ ಆರ್ ಗ್ರ್ಯಾಂಡ್" ಎಂದು, ಅಂದರೆ ಇಲ್ಲಿಯವರ ಮಾತಿನಲ್ಲಿ ಪರವಾಗಿಲ್ಲ ಬಿಡಿ ಎಂದು, ಹೇಳಿ ಇಬ್ಬರೂ ಮುಂದೆ ಹೋದರು. ಆಮೇಲೆ ವಾರಗಟ್ಟಲೆ ಮನೆಯಲ್ಲಿ ಏನೇ ಕೇಳಿದರೂ ಅತ್ತೆಯ ಉತ್ತರ ಒಂದೇ, "ಗ್ರ್ಯಾಂಡ್ ಕಣೇ."

ಅವರ ಹಿಂದೆ ನಾನು ನಗುತ್ತಿರುವಾಗಲೇ ಅತ್ತೆ ನನ್ನ ಮೊಣಕೈ ಹಿಡಿದೆಳೆದರು. "ನೀನು ಬರೋಕೆ ಮುಂಚೆ ಮಿಂಚುಳ್ಳಿ ಬಂದಿತ್ತು. ನೀಲಿ ಅಂದ್ರೆ ನೀಲಿ! ಆ ಕೊಂಬೆ ಮೇಲೆ ಕೂತು, ಮುಳುಗಿ, ಮೀನು ತಗೊಂಡು ಹೋಯ್ತು."

ಅರವತ್ತೆಂಟೋ ಎಪ್ಪತ್ತೋ, ಯಾವ ಲೆಕ್ಕ ಹಿಡಿದರೂ, ಅಷ್ಟು ವಯಸ್ಸಾದವರು ಬೆಂಚಿನ ಮೇಲೆ ಕಾಲು ಆಡಿಸುತ್ತಿದ್ದರು. ಮನೆಗೆ ಬಂದವರೇ ಫೋನು ಹಚ್ಚಿದರು.

ಮಾವ ಕಾಫಿ ಹೀರಿ ಕೇಳಿದರು. "ನೀನೊಬ್ಬಳೇ ನೋಡಿದ್ದೋ?"

"ನಾನೊಬ್ಬಳೇ."

"ಸೊಸೆ ನೋಡಲಿಲ್ಲ?"

"ಅವಳು ನಾಯಿ ನೋಡ್ತಿದ್ಲು."

"ಹಾಗಿದ್ರೆ ಬಾತುಕೋಳಿ ಇರಬೇಕು ಬಿಡು. ಕಾಲು ಕೆಂಪಗಿತ್ತಾ?"

ಅತ್ತೆ ಫೋನನ್ನು ಮೇಜಿನ ಮೇಲೆ ಬೋರಲು ಹಾಕಿದರು. ಮಾವನ ಬಗ್ಗೆ ನನಗೆ ಬಹಳ ಪ್ರೀತಿ, ಆದರೂ ಆ ಗಳಿಗೆ ಸಿಕ್ಕಿದ್ದರೆ ಆ ಹುಳಿಗೆ ಒಂದು ಸೇರು ಉಪ್ಪು ಸುರಿಯುತ್ತಿದ್ದೆ. ಅಂದಿನಿಂದ ಇದು ನನ್ನ ಜಗಳವೂ ಆಯಿತು.

ಆಮೇಲಿನ ದಿನಗಳನ್ನು ನೆನೆದರೆ ಈಗಲೂ ನಗು ಬರುತ್ತದೆ. ಜಗತ್ತು ಬಾಗಿಲು ಹಾಕಿಕೊಂಡಿತ್ತು, ಸುದ್ದಿಯಲ್ಲಿ ದಿನಾ ಸತ್ತವರ ಲೆಕ್ಕ, ನಾವಿಬ್ಬರು ಮಾತ್ರ ಬುತ್ತಿ ಕಟ್ಟಿಕೊಂಡು ಐದು ಕಿಲೋಮೀಟರಿನ ಮೂಲೆ ಮೂಲೆ ಹುಡುಕುತ್ತಿದ್ದೆವು. ಏರ್‌ಪೋರ್ಟಿನ ಬೇಲಿಯಾಚೆಯ ಹೊಲದಲ್ಲಿ ಒಂದು ಕಂದು ಬಣ್ಣದ ಸಣ್ಣ ಹಕ್ಕಿ ನೇರ ಮೇಲಕ್ಕೇರಿ, ನಿಂತಲ್ಲೇ ನಿಂತು, ಉಸಿರು ತೆಗೆದುಕೊಳ್ಳದೆ ಹಾಡಿತು. ಅತ್ತೆ ಕತ್ತು ಹಿಂದಕ್ಕೆ ಬಾಗಿಸಿ ಬಾಗಿಸಿ ಕೊನೆಗೆ ಹುಲ್ಲಿನ ಮೇಲೆ ಅಂಗಾತ ಮಲಗಿಬಿಟ್ಟರು. ದಾರಿಯಲ್ಲಿ ಹೋಗುವವರೊಬ್ಬರು ಗಾಬರಿಯಾಗಿ ಆಂಬ್ಯುಲೆನ್ಸ್ ಬೇಕೇ ಎಂದು ದೂರದಿಂದಲೇ ಕೂಗಿ ಕೇಳಿದರು. ಅತ್ತೆ ಮಲಗಿದಲ್ಲಿಂದಲೇ "ಗ್ರ್ಯಾಂಡ್!" ಎಂದು ಕೈಬೀಸಿದರು.

ಮಾವ ಒಂದನ್ನೂ ಒಪ್ಪಲಿಲ್ಲ. ಹೊಲದ ಹಾಡುಗಾರ ಗುಬ್ಬಚ್ಚಿಯಾದ. ಹೊಳೆ ಸಮುದ್ರ ಸೇರುವ ಅಳಿವೆಯಲ್ಲಿ ಕಂಡ, ಕಿತ್ತಳೆ ಬಣ್ಣದ ಉದ್ದ ಕೊಕ್ಕಿನ ಕಪ್ಪು ಬಿಳುಪು ಹಕ್ಕಿಗಳು ಕ್ಯಾರೆಟ್ ಕಚ್ಚಿಕೊಂಡ ಕಾಗೆಗಳಾದವು.

ಅದೇ ಅಳಿವೆಯಲ್ಲಿ ಆ ಎಡವಟ್ಟು ಆದದ್ದು. ನೀರು ಇಳಿದ ಕೆಸರಿನಾಚೆ ಒಂಟಿ ಕಾಲಿನಲ್ಲಿ ನಿಂತ ಬೆಳ್ಳಕ್ಕಿಯನ್ನು ಅತ್ತೆ ಕಂಡರು. ನಾನೂ ಕಂಡೆ, ಬೈನಾಕ್ಯುಲರಿನಲ್ಲೇ ಕಂಡೆ. ಗಾಳಿಗೆ ಗರಿ ಅಲುಗುತ್ತಿತ್ತು. ಎಷ್ಟು ಹೊತ್ತಾದರೂ ಕದಲಲಿಲ್ಲ. "ಎಂಥ ತಪಸ್ಸು!" ಎಂದು ಅತ್ತೆ ಕೈಮುಗಿದದ್ದೂ ಆಯಿತು. ಇಬ್ಬರು ಸಾಕ್ಷಿಗಳಿದ್ದುದರಿಂದ ಮಾವ ಮೊದಲ ಸಲ, "ಇರಬಹುದು" ಎಂದರು. ಅತ್ತೆಯ ಕಾಲು ನೆಲದ ಮೇಲೆ ನಿಲ್ಲಲಿಲ್ಲ, ರಾತ್ರಿಯೂಟಕ್ಕೆ ಪಾಯಸ ಮಾಡಿದರು. ಮರುದಿನ ಹೋದರೆ ಬೆಳ್ಳಕ್ಕಿ ಅದೇ ಜಾಗದಲ್ಲಿ, ಅದೇ ಕಾಲಿನ ಮೇಲೆ. ಅನುಮಾನ ಬಂದು ದಡದುದ್ದಕ್ಕೂ ಸುತ್ತಿ ಹತ್ತಿರ ಹೋದೆವು. ಗೂಟಕ್ಕೆ ಸಿಕ್ಕಿಹಾಕಿಕೊಂಡಿದ್ದ ಅಂಗಡಿಯ ಬಿಳಿ ಪ್ಲಾಸ್ಟಿಕ್ ಕವರು.

ನಾನು ಹೊಟ್ಟೆ ಹಿಡಿದುಕೊಂಡು ಕಲ್ಲಿನ ಮೇಲೆ ಕುಸಿದೆ. ಅತ್ತೆಯೂ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ನಗು ಮುಗಿದ ಮೇಲೆ ನಾನು ಹೇಳಿದೆ, "ಮಾವಂಗೆ ಹೇಳಬೇಡಿ ಅತ್ತೆ. ಒಪ್ಪಿಕೊಂಡಿದ್ದು ಅದೊಂದೇ."

"ಅದು ಹೆಂಗಾಗುತ್ತೆ?" ಎಂದರು. "ಕಂಡಿದ್ದು ಕಂಡೆ ಅಂದ ಮೇಲೆ, ಕಾಣದೇ ಇದ್ದಿದ್ದು ಕಾಣಲಿಲ್ಲ ಅನ್ನಬೇಕು ತಾನೇ?"

ಹೇಳಿಯೂ ಬಿಟ್ಟರು. ಮಾವ ಕೆಮ್ಮು ಬರುವವರೆಗೆ ನಕ್ಕರು, ಕೆಳಗಿನ ಮನೆಯವರನ್ನೆಲ್ಲ ಕೂಗಿ ಕರೆದು ಹೇಳಿದರು. ಅತ್ತೆ ಅಲುಗಾಡದೆ ಕೂತಿದ್ದರು. ಕೊನೆಗೆ ಮಾವ ಕಣ್ಣೊರೆಸಿಕೊಂಡು, ಬೇರೆ ದನಿಯಲ್ಲಿ ಕೇಳಿದರು. "ಅಲ್ವೇ, ನೀನು ಹೇಳದೇ ಇದ್ದಿದ್ರೆ ನನಗೆ ಗೊತ್ತೇ ಆಗ್ತಿರಲಿಲ್ಲ, ಅಲ್ವಾ?"

"ಹೇಗೆ ಗೊತ್ತಾಗುತ್ತೆ?" ಎಂದರು ಅತ್ತೆ.

ಅಂದು ಮಾವ ಕೋಳಿಯ ಮಾತೆತ್ತದೆ ಫೋನಿಟ್ಟರು.

ಜೂನಿನಲ್ಲಿ ಸರಹದ್ದು ದೊಡ್ಡದಾದಾಗ ಹೋತ್ ಗುಡ್ಡಕ್ಕೆ ಹೋದೆವು. ಕಡಿದಾದ ಬಂಡೆ, ಕೆಳಗೆ ಸಮುದ್ರ, ಬಂಡೆಯ ಒಂದೊಂದು ಅಂಚಿನಲ್ಲೂ ಕಪ್ಪು ಕೋಟಿನ ಹಕ್ಕಿಗಳ ನೂಕುನುಗ್ಗಲು. ಆ ಗಲಾಟೆ, ಆ ವಾಸನೆ! ಲುಸಾಕಾದ ಕೊಳಚೆ ಹೊಂಡ ನೆನಪಾಯಿತೆಂದು ಅತ್ತೆ ಖುಷಿಯಲ್ಲಿ ಕಿರುಚಿದರು. ಗಾಳಿಗೆ ಸೀರೆ ಉಬ್ಬಿ ಅವರೇ ಹಾರಿಹೋಗುವ ಹಾಗಿದ್ದರು, ನಾನು ಜಾಕೆಟ್ಟಿನ ಚುಂಗು ಹಿಡಿದುಕೊಂಡಿದ್ದೆ. ಗಾಳಿಯಲ್ಲಿ ಚಪಾತಿ ಹಿಡಿದು ತಿನ್ನುವ ಸಾಹಸ ಮಾಡಿ ಅರ್ಧ ಚಪಾತಿಯನ್ನು ಸೀಗಲ್ ಹಕ್ಕಿಗೆ ಕಳೆದುಕೊಂಡೆವು. ಅತ್ತೆ ಅದನ್ನು ಬೈದ ಮೈಸೂರಿನ ಬೈಗುಳಗಳು ಆ ಸಮುದ್ರಕ್ಕೆ ಹೊಸವು.

ವಾಪಸು ಬರುವಾಗ ಫೋನಿಗೆ ಸುದ್ದಿ ಬಂತು. ಬೆಂಗಳೂರಿಗೆ ವಿಶೇಷ ವಿಮಾನದಲ್ಲಿ ಅತ್ತೆಗೆ ಸೀಟು ಸಿಕ್ಕಿತ್ತು, ಅದೇ ವಾರ ಹೊರಡಬೇಕು. ಊರಿಗೆ ಹೋಗುವುದು ಅವರಿಗೆ ಬೇಕೇ ಆಗಿತ್ತು, ಆದರೆ ಒಪ್ಪಿಸಿದ ಹಕ್ಕಿ ಒಂದೂ ಇರಲಿಲ್ಲ. ನನಗಂತೂ ಅಳುವೇ ಬಂದಿತ್ತು.

ಹೊರಡುವ ಹಿಂದಿನ ದಿನ ಕೊನೆಯ ಸಲ ಹೊಳೆಯ ಬೆಂಚಿಗೆ ಹೋದೆವು. ಮೆಂತ್ಯ ಸೊಪ್ಪು ಬಂದಿತ್ತು. ಮಾವನ ಕಾಫಿಯ ಹೊತ್ತಾದ್ದರಿಂದ ಫೋನನ್ನು ಬುತ್ತಿಯ ಡಬ್ಬಿಗೆ ಆನಿಸಿ ಅತ್ತೆಯ ಮುಖಕ್ಕೆ ತಿರುಗಿಸಿಟ್ಟೆ. ಹೊಳೆಗೆ ತಿರುಗಿಸೋಣವೆಂದರೆ ಅತ್ತೆ ಬೇಡವೆಂದರು. ಗಂಡ ಹೆಂಡತಿ ಸೂಟ್‌ಕೇಸಿನ ತೂಕ, ಹೋದ ಮೇಲಿನ ಕ್ವಾರಂಟೈನು, ಹುಳಿಯ ಉಪ್ಪು ಎಲ್ಲ ಮಾತಾಡುತ್ತಿದ್ದರು.

"ಮೆಣಸಿನಪುಡಿ ತಂದಿದ್ದು ಇನ್ನೂ ಇದೆ, ಇವಳಿಗೇ ಬಿಟ್ಟು..." ಎನ್ನುತ್ತಿದ್ದ ಅತ್ತೆ ಅಲ್ಲಿಗೇ ನಿಂತರು. ಸೊಪ್ಪಿನ ಕಡ್ಡಿ ಹಿಡಿದ ಕೈ ಗಾಳಿಯಲ್ಲೇ ಉಳಿಯಿತು. ಬಾಯಿ ಅರೆ ತೆರೆದಿತ್ತು, ಕಣ್ಣು ಹೊಳೆಯ ಆ ಕಡೆಯಿಂದ ಈ ಕಡೆಗೆ ಸರ್ರನೆ ಜಾರಿತು. ನಾನು ತಿರುಗಿ ನೋಡುವಷ್ಟರಲ್ಲಿ ಒಂದು ಕೊಂಬೆ ಅಲುಗುತ್ತಿತ್ತು, ಅಷ್ಟೇ. ಏನೂ ಕಾಣಲಿಲ್ಲ.

ಫೋನಿನಿಂದ ಸದ್ದೇ ಬರಲಿಲ್ಲ. ನೆಟ್‌ವರ್ಕ್ ಹೋಯಿತೆಂದುಕೊಂಡೆ.

"ಹೋಯ್ತಾ?" ಎಂದರು ಮಾವ ಮೆಲ್ಲಗೆ.

"ಹೂಂ."

"ನೀರಿಗೆ ತಾಗೋ ಹಾಗೆ, ನೇರ. ಮಿಂಚುಳ್ಳಿನೇ ಕಣೆ ಅದು. ಬೇರೆ ಯಾವುದೂ ಹಂಗೆ ಹೋಗಲ್ಲ."

ಅತ್ತೆ ಫೋನನ್ನೇ ದಿಟ್ಟಿಸಿದರು. "ನಿಮಗೆ ಹೇಗೆ ಕಾಣಿಸ್ತು? ಫೋನು ನನ್ನ ಕಡೆ ಇದೆ."

"ನಿನ್ನ ಕಣ್ಣು ಹೋಯ್ತಲ್ಲ ಅದರ ಹಿಂದೆ" ಎಂದರು ಮಾವ. ಆಮೇಲೆ ಕಾಫಿ ಲೋಟ ಕೆಳಗಿಟ್ಟ ಸದ್ದು ಕೇಳಿತು. "ಕಾಫುವೆ ಹೊಳೇಲಿ ನೋಡಿದ್ಯಲ್ಲ, ಅದರ ಕಾಲು ಯಾವ ಕೆಂಪು?"

ಅತ್ತೆಯ ಕೈಯಿಂದ ಸೊಪ್ಪು ಜಾರಿತು.

"ಕಿತ್ತಳೆ ಹಣ್ಣಿನ ಕೆಂಪು" ಎಂದರು, ತಡವರಿಸದೆ. "ಮೂಗೂ ಅದೇ ಬಣ್ಣ. ಕತ್ತು ಉದ್ದ. ಬಗ್ಗಿದ ಕೊಂಬೆ ಅಡಿಯಿಂದ ಬಂತು, ಅರ್ಧ ಮೈ ನೀರಲ್ಲಿ ಮುಳುಗಿತ್ತು, ಬಾಲ ನೀರಿನ ಮೇಲೆ ಚಪ್ಪಟೆಯಾಗಿ ಹರಡಿತ್ತು. ದಡ ಹತ್ತಿ ನನ್ನ ನೋಡಿ ಕೋಳಿ ಓಡೋ ಹಾಗೆ ಓಡಿ ಪೊದೆ ಸೇರ್ತು. ಕೋಳಿ ಹಾಗೆ ಓಡ್ತು ಅಂದಿದ್ದೆ ನಾನು. ಕೋಳಿ ಅಂದಿರಲಿಲ್ಲ."

"ಅದು ಫಿನ್‌ಫುಟ್" ಎಂದರು ಮಾವ. "ನೆರಳು ಬಿಟ್ಟು ಆಚೆ ಬರದ ಹಕ್ಕಿ. ಆ ದೇಶ ಬಿಡೋವರೆಗೂ ಅದನ್ನೇ ಹುಡುಕಿದೆ ಕಣೆ, ಎಷ್ಟು ಭಾನುವಾರ! ನಾವೆಲ್ಲ ಮಾತಾಡ್ಕೊಂಡು ದಡ ತುಳೀತಿದ್ವಿ. ಅದು ನಿನ್ನ ಹತ್ರ ಬಂದುಹೋಗಿತ್ತು."

ಅತ್ತೆ ನಗಲು ಶುರುಮಾಡಿದರು. ಮೊದಲು ಸದ್ದಿಲ್ಲದೆ, ಆಮೇಲೆ ಬೆಂಚು ಅಲುಗುವಷ್ಟು. ಕಣ್ಣಿಂದ ನೀರು ಇಳಿದು ಬೈನಾಕ್ಯುಲರಿನ ಮೇಲೆ ಬೀಳುತ್ತಿತ್ತು. "ಅವತ್ತೇ ಕೇಳಿದ್ರೆ ಅವತ್ತೇ ಹೇಳ್ತಿರಲಿಲ್ವೇನ್ರೀ! ನಲವತ್ತು ವರ್ಷ ಆದ ಮೇಲೆ ಕೇಳ್ತೀರಲ್ಲ, ಯಾವ ಕೆಂಪು ಅಂತ!"

"ಬಾಯಲ್ಲಿ ಚಿತ್ರಾನ್ನ ಇತ್ತು ಕಣೆ" ಎಂದರು ಮಾವ. ಅವರ ದನಿಯೂ ಸರಿಯಿರಲಿಲ್ಲ. "ನೀನು ಬಾ. ಕ್ವಾರಂಟೈನ್ ಮುಗೀಲಿ. ಕುಕ್ಕರಹಳ್ಳಿ ಕೆರೆಗೆ ಹೋಗೋಣ. ಬೈನಾಕ್ಯುಲರ್ ನಿನ್ನ ಹತ್ರಾನೇ ಇರಲಿ. ಬುತ್ತಿ ನಾನು ಕಾಯ್ತೀನಿ."

"ಚಿತ್ರಾನ್ನ ಯಾರು ಮಾಡೋದು?"

"ಅದೂ ನಾನೇ."

ಅತ್ತೆ ಸೆರಗಿನಿಂದ ಮೂಗೊರೆಸಿಕೊಂಡು, ಬಿದ್ದ ಸೊಪ್ಪನ್ನು ಒಂದೊಂದಾಗಿ ಮಡಿಲಿಗೆ ಹಾಕಿಕೊಂಡರು. "ಉಪ್ಪು ಮರೀಬೇಡಿ" ಎಂದರು.